ಕೂಸಿಗೆ ನೀರೆರೆಯುವ ಚರಿತ್ರೆ



ಚರಿತ್ರೆಯೆಂದರೆ ಅರಸರ ವಂಶಾವಳಿ, ಯುದ್ಧಗಳ ಪಟ್ಟಿ, ಕೌಲುಕರಾರುಗಳ ತಾರೀಖು ಎಂದು ನಾವು ಪಾಠಶಾಲೆಯಲ್ಲಿ ಕಲಿತದ್ದುಂಟು. ಆದರೆ ಸಾಮ್ರಾಜ್ಯಗಳು ಎದ್ದು ಬಿದ್ದ ದಿನಗಳಲ್ಲಿಯೂ ಮನೆಮನೆಯ ಬಚ್ಚಲಿನಲ್ಲಿ ತಪ್ಪದೆ ನಡೆದುಬಂದ ಕಾರ್ಯವೊಂದಿದೆ. ಅದೇ ಕೂಸಿಗೆ ನೀರು ಹಾಕುವುದು. ಇದಕ್ಕೂ ಒಂದು ಚರಿತ್ರೆಯಿದೆ. ಆ ಚರಿತ್ರೆಯಲ್ಲಿ ವಿವೇಕವೂ ಇದೆ, ಅವಿವೇಕವೂ ಇದೆ. ಅದನ್ನು ಅರಿಯದೆ ಇಂದಿನ ತಾಯಿಯು ಒಂದು ಕಡೆ ಮನೆಯ ಹಿರಿಯರ ಮಾತಿಗೂ, ಇನ್ನೊಂದು ಕಡೆ ವೈದ್ಯರ ಮಾತಿಗೂ ನಡುವೆ ಸಿಕ್ಕಿ ತೊಳಲುತ್ತಾಳೆ. ಯಾರ ಮಾತಿನಲ್ಲಿ ಯಾವ ಭಾಗ ಗ್ರಾಹ್ಯವೆಂಬುದನ್ನು ತಿಳಿಯಲು ಚರಿತ್ರೆಯು ಸ್ವಲ್ಪಮಟ್ಟಿಗೆ ನೆರವಾದೀತು.

ಮೊದಲು ನಮ್ಮ ಭಾಷೆಯನ್ನೇ ನೋಡೋಣ. ಕನ್ನಡದಲ್ಲಿ ದೊಡ್ಡವರು ಮೀಯುತ್ತಾರೆ, ಕೂಸಿಗಾದರೋ ನೀರೆರೆಯುತ್ತೇವೆ. ಮೀಯುವುದಕ್ಕೆ ಒಬ್ಬರು ಸಾಕು. ಎರೆಯುವುದಕ್ಕೆ ಇನ್ನೊಬ್ಬರ ಕೈ ಬೇಕು. ನಾನು ಈ ಹೊತ್ತು ಹೇಳಬೇಕೆಂದಿರುವುದೆಲ್ಲವೂ ಆ ಕೈಯನ್ನು ಕುರಿತದ್ದೇ ಆಗಿದೆ.

ಪ್ರಾಚೀನರಲ್ಲಿ ಈ ವಿಷಯವಾಗಿ ಎರಡು ಮತಗಳಿದ್ದವು. ಕೂಸನ್ನು ಗಟ್ಟಿಮಾಡಬೇಕೆಂಬುದು ಒಂದು. ಬೆಚ್ಚಗಿಟ್ಟು ಕಾಪಾಡಬೇಕೆಂಬುದು ಇನ್ನೊಂದು. ಸ್ಪಾರ್ಟಾದ ಹೆಂಗಸರು ಹುಟ್ಟಿದ ಮಕ್ಕಳನ್ನು ನೀರಿನಲ್ಲಿ ತೊಳೆಯದೆ ದ್ರಾಕ್ಷಾಮದ್ಯದಲ್ಲಿ ತೊಳೆಯುತ್ತಿದ್ದರೆಂದು ಪ್ಲೂಟಾರ್ಕನು ಬರೆದಿದ್ದಾನೆ. ದುರ್ಬಲವಾದ ಮಗು ಇದರಿಂದ ಸೆಟೆದುಹೋಗುವುದು, ಬಲವಾದ ಮಗು ಉಕ್ಕಿನಂತಾಗುವುದು ಎಂಬುದು ಅವರ ನಂಬಿಕೆ. ಅನೇಕ ಜನಾಂಗಗಳು ಶಿಶುಗಳನ್ನು ತಣ್ಣನೆಯ ಹೊಳೆಯಲ್ಲಿ ಅದ್ದುತ್ತವೆಂಬುದನ್ನು ಅರಿಸ್ಟಾಟಲನು ಮೆಚ್ಚಿಯೇ ಹೇಳಿದನು. ಆದರೆ ಕ್ರಿಸ್ತಶಕ ಎರಡನೆಯ ಶತಮಾನದ ವೈದ್ಯನಾದ ಗ್ಯಾಲನನಿಗೆ ಇದು ಸಮ್ಮತವಾಗಲಿಲ್ಲ. ತಾಯಿಯ ಗರ್ಭದಿಂದ ಆಗತಾನೆ ಬಂದ ಬಿಸಿಯಾದ ಕೂಸನ್ನು ಜರ್ಮನರು ಕಾದ ಕಬ್ಬಿಣವನ್ನು ಅದ್ದುವಂತೆ ಹೊಳೆಯಲ್ಲಿ ಅದ್ದುತ್ತಾರೆಂದು ಅವನು ಖಂಡಿಸಿದನು.

ಈಗ ನಮ್ಮ ಸುಶ್ರುತಸಂಹಿತೆಯನ್ನು ತೆಗೆದುನೋಡಿದರೆ ಅಲ್ಲಿಯೂ ಕಾದ ಲೋಹದ ಮಾತು ಬರುತ್ತದೆ. ಆದರೆ ಅಲ್ಲಿ ಕಾಯುವುದು ಕೂಸಲ್ಲ. ಬೆಳ್ಳಿಯನ್ನೋ ಚಿನ್ನವನ್ನೋ ಕಾಯಿಸಿ ನೀರಿನಲ್ಲಿ ಅದ್ದಿ, ಹಾಗೆ ಬೆಚ್ಚಗಾದ ನೀರಿನಿಂದ ಶಿಶುವಿಗೆ ಸ್ನಾನ ಮಾಡಿಸಬೇಕು. ಇಲ್ಲವಾದರೆ ಆಲ, ಅತ್ತಿ ಮುಂತಾದ ಹಾಲುಬರುವ ಮರಗಳ ಕಷಾಯದಿಂದಲೋ, ಬೇಲದ ಎಲೆಯ ಬೆಚ್ಚಗಿನ ಕಷಾಯದಿಂದಲೋ ಮಾಡಿಸಬೇಕು ಎಂದಿದೆ. ಸ್ನಾನಕ್ಕೆ ಮೊದಲು ಬಲಾತೈಲದ ಅಭ್ಯಂಗನ. ಇದೆಲ್ಲವನ್ನೂ ಕಾಲಕ್ಕೂ ಶಿಶುವಿನ ಪ್ರಕೃತಿಗೂ ಮನೆಯವರ ಅನುಕೂಲಕ್ಕೂ ತಕ್ಕಂತೆ ಮಾಡತಕ್ಕದ್ದೆಂಬ ಮಾತೂ ಅಲ್ಲಿಯೇ ಇದೆ. ಚಿನ್ನವಿಲ್ಲದವನ ಕೂಸಿಗೂ ಬೆಚ್ಚನೆಯ ನೀರು ದೊರೆಯುವಂತೆ ಗ್ರಂಥಕಾರನು ದಾರಿಮಾಡಿದ್ದಾನೆ.

ಇಷ್ಟರಿಂದಲೇ ನಮ್ಮವರು ಎಲ್ಲವನ್ನೂ ಬಲ್ಲವರಾಗಿದ್ದರೆಂದು ಬೀಗುವುದು ಸಲ್ಲದು. ಹುಟ್ಟಿದ ಮಗುವಿನ ಮೈಮೇಲೆ ಬಿಳಿಯ ಬೆಣ್ಣೆಯಂಥ ಲೇಪವೊಂದು ಇರುವುದಷ್ಟೆ. ಅದನ್ನು ಸೈಂಧವಲವಣ ಮತ್ತು ತುಪ್ಪಗಳಿಂದ ಶುದ್ಧಿಮಾಡಬೇಕೆಂದು ಸುಶ್ರುತಸಂಹಿತೆ ವಿಧಿಸುತ್ತದೆ. ಸುಶ್ರುತನ ಹೆಸರನ್ನೂ ಕೇಳಿರದಿದ್ದ ರೋಮಾಪುರಿಯ ವೈದ್ಯ ಸೊರಾನಸನೂ ನುಣ್ಣಗೆ ಅರೆದ ಉಪ್ಪಿನಿಂದ ಕೂಸಿನ ಮೈ ಉಜ್ಜಿ, ಉಗುರುಬೆಚ್ಚನೆಯ ನೀರಿನಿಂದ ತೊಳೆಯಬೇಕೆಂದನು. ತಣ್ಣೀರಿನಲ್ಲಿ ಅದ್ದುವುದನ್ನು ತಿರಸ್ಕರಿಸಿದ ಆ ವಿವೇಕಿಯೂ ಉಪ್ಪನ್ನು ಬಿಡಲಿಲ್ಲ. ಇಂದಿನ ವಿಜ್ಞಾನದ ನಿರ್ಣಯವೇನೆಂದರೆ, ಆ ಬಿಳಿಯ ಲೇಪವು ಕೊಳೆಯಲ್ಲ. ಅದು ಚರ್ಮವನ್ನು ಒಣಗದಂತೆಯೂ ಸೋಂಕು ತಗಲದಂತೆಯೂ ರಕ್ಷಿಸುವ ಪ್ರಕೃತಿದತ್ತವಾದ ಕವಚ. ಶಿಶುವಿನ ತೆಳು ಚರ್ಮಕ್ಕೆ ಉಪ್ಪು ಹಾನಿಕರ. ಎರಡು ದೇಶಗಳ ಪ್ರಾಚೀನರು ಒಂದೇ ಮಾತನ್ನು ಹೇಳಿದ ಮಾತ್ರಕ್ಕೆ ಅದು ನಿಜವಾಗಬೇಕಾಗಿಲ್ಲವೆಂಬುದಕ್ಕೆ ಇದು ಒಳ್ಳೆಯ ನಿದರ್ಶನ.

ಗಟ್ಟಿಮಾಡುವವರ ಮತವು ಪ್ರಾಚೀನರೊಡನೆಯೇ ಅಳಿಯಲಿಲ್ಲ. 1693ರಲ್ಲಿ ಆಂಗ್ಲ ತತ್ತ್ವಜ್ಞನಾದ ಜಾನ್ ಲಾಕನು ಮಕ್ಕಳ ಶಿಕ್ಷಣವನ್ನು ಕುರಿತ ತನ್ನ ಗ್ರಂಥದಲ್ಲಿ, ಹುಡುಗರ ಕಾಲುಗಳನ್ನು ಪ್ರತಿದಿನವೂ ತಣ್ಣೀರಿನಲ್ಲಿ ತೊಳೆಯಬೇಕೆಂದೂ, ಪಾದರಕ್ಷೆಗಳು ನೀರು ಒಳಗೆ ಸೋರುವಷ್ಟು ತೆಳ್ಳಗಿರಬೇಕೆಂದೂ ಉಪದೇಶಿಸಿದನು. ಅಷ್ಟು ದೊಡ್ಡ ಬುದ್ಧಿಶಾಲಿಯ ಮಾತಾದುದರಿಂದ ಅದಕ್ಕೆ ಗೌರವ ದೊರೆತುದು ಸಹಜ.

ಈ ವಾದಕ್ಕೆ ಉತ್ತರ ಬಂದುದು ತರ್ಕದಿಂದಲ್ಲ, ಎಣಿಕೆಯಿಂದ. 1958ರಲ್ಲಿ ನ್ಯೂಯಾರ್ಕಿನ ವೈದ್ಯ ವಿಲಿಯಂ ಸಿಲ್ವರ್‌ಮನ್ ಮತ್ತು ಅವರ ಸಂಗಡಿಗರು, ದಿನತುಂಬುವ ಮೊದಲೇ ಹುಟ್ಟಿದ ಶಿಶುಗಳ ಎರಡು ಗುಂಪುಗಳನ್ನು ಹೋಲಿಸಿನೋಡಿದರು. ಒಂದು ಗುಂಪಿನ ಪೆಟ್ಟಿಗೆಗಳ ಉಷ್ಣತೆಯು ಇನ್ನೊಂದು ಗುಂಪಿನದಕ್ಕಿಂತ ಫ್ಯಾರನ್‌ಹೀಟ್ ಮಾನದಲ್ಲಿ ಸುಮಾರು 4 ಡಿಗ್ರಿ ಹೆಚ್ಚಾಗಿತ್ತು, ಅಷ್ಟೆ. ಬೆಚ್ಚಗಿದ್ದ ಗುಂಪಿನಲ್ಲಿ ನೂರಕ್ಕೆ 15ರಷ್ಟು ಹೆಚ್ಚು ಮಕ್ಕಳು ಬದುಕಿದವು. ಒದ್ದೆಯಾದ ಮೈಯಿಂದ ನೀರು ಆವಿಯಾಗುವಾಗ ಶಾಖವನ್ನು ಕೊಂಡೊಯ್ಯುತ್ತದೆ. ದೊಡ್ಡವರಿಗೆ ಅದು ಹಿತವಾದ ತಂಪು. ಆಗತಾನೆ ಹುಟ್ಟಿದ ಕೂಸಿಗೆ ಅದು ಪ್ರಾಣಸಂಕಟವಾಗಬಹುದು. ಆದುದರಿಂದಲೇ ವಿಶ್ವ ಆರೋಗ್ಯ ಸಂಸ್ಥೆಯು 2013ರಲ್ಲಿ, ಮಗು ಹುಟ್ಟಿದ ಮೇಲೆ 24 ಗಂಟೆ ಕಳೆಯುವವರೆಗೆ ಸ್ನಾನವನ್ನು ತಡೆಯಬೇಕೆಂದೂ, ಆಚಾರದ ಕಾರಣದಿಂದ ಅಷ್ಟು ಕಾಯಲಾಗದಿದ್ದರೆ 6 ಗಂಟೆಗಳಾದರೂ ಕಾಯಬೇಕೆಂದೂ ಸಲಹೆಮಾಡಿತು. ಹುಟ್ಟಿದೊಡನೆಯೇ ಮೀಯಿಸಬೇಕೆಂಬ ಆತುರಕ್ಕೆ ಇದು ಸರಿಯಾದ ಉತ್ತರ. ಹೊಕ್ಕುಳಬಳ್ಳಿ ಒಣಗಿ ಬೀಳುವವರೆಗೆ ಒದ್ದೆಬಟ್ಟೆಯಿಂದ ಮೈ ಒರೆಸಿದರೆ ಸಾಕು.

ಇನ್ನು ನಮ್ಮ ಮನೆಗಳಿಗೆ ಬರೋಣ. ನೀರು ಹಾಕುವ ಮುದುಕಿಯು ಮಣೆಯ ಮೇಲೆ ಕುಳಿತು, ಕಾಲುಗಳನ್ನು ನೀಡಿಕೊಂಡು, ಅವುಗಳ ಮೇಲೆ ಕೂಸನ್ನು ಮಲಗಿಸಿಕೊಂಡು, ಎಣ್ಣೆ ತಿಕ್ಕಿ, ಕಡಲೆಹಿಟ್ಟು ಹಚ್ಚಿ, ಹಂಡೆಯ ನೀರನ್ನು ಹದಮಾಡಿಸಿ ಎರೆಯುವ ಕ್ರಮವನ್ನು ನೀವೆಲ್ಲರೂ ಬಲ್ಲಿರಿ. ಅದರಲ್ಲಿರುವ ಗುಣವನ್ನು ನಾವು ಸಾಮಾನ್ಯವಾಗಿ ಗಮನಿಸುವುದಿಲ್ಲ. ಎರೆದ ನೀರು ಕಾಲುಗಳ ಸಂದಿಯಿಂದ ಹರಿದು ಬಚ್ಚಲಿಗೆ ಹೋಗುತ್ತದೆ. ಕೂಸಿನ ಸುತ್ತ ಎಲ್ಲಿಯೂ ನಿಲ್ಲುವುದಿಲ್ಲ. ಮುಳುಗುವ ಭಯವೇ ಇಲ್ಲ. ಎರಡನೆಯದಾಗಿ, ಈ ಕಾರ್ಯವನ್ನು ಒಬ್ಬರೇ ಮಾಡುತ್ತಿರಲಿಲ್ಲ. ಒಬ್ಬಳು ಎರೆಯುವವಳು, ಒಬ್ಬಳು ನೀರು ಬೆರಸಿಕೊಡುವವಳು, ಒಬ್ಬಳು ಬಟ್ಟೆ ಹಿಡಿದು ನಿಂತು ಕೂಸನ್ನು ಎತ್ತಿಕೊಳ್ಳುವವಳು. ಕೂಸಿನ ಮೇಲಿನ ಕೈ ಒಂದು ಕ್ಷಣವೂ ತೆಗೆಯಬೇಕಾಗುತ್ತಿರಲಿಲ್ಲ.

ಅದೇ ಪದ್ಧತಿಯಲ್ಲಿ ಬಿಡಬೇಕಾದ ಅಂಶಗಳೂ ಇವೆ. ಮೂಗಿಗೂ ಕಿವಿಗೂ ಎಣ್ಣೆ ಬಿಡುವುದು ಅವುಗಳಲ್ಲಿ ಮೊದಲನೆಯದು. ಮೂಗಿನ ಎಣ್ಣೆ ಶ್ವಾಸಕೋಶಕ್ಕಿಳಿದು ನ್ಯುಮೋನಿಯವನ್ನು ತರುತ್ತದೆ. ಹಾಲು ಹಿಂಡಬೇಕೆಂದು ಎಳೆಗೂಸಿನ ಮೊಲೆಯನ್ನು ಅದುಮಿದರೆ ಬಾವು ಬರುತ್ತದೆ. ಸಾಂಬ್ರಾಣಿಯ ಹೊಗೆ ನಮಗೆ ಪರಿಮಳ. ಪುಟ್ಟ ಎದೆಗೆ ಅದು ಹೊಗೆಯೇ. ಇವೆಲ್ಲಕ್ಕಿಂತ ಭಯಂಕರವಾದುದು ನೀರಿನ ಬಿಸಿ. ಬಿಸಿಯಿದ್ದಷ್ಟೂ ಕೂಸು ಚೆನ್ನಾಗಿ ನಿದ್ರಿಸುವುದೆಂಬ ಭಾವನೆ ನಮ್ಮಲ್ಲಿ ಬಲವಾಗಿದೆ. 1947ರಲ್ಲಿ ಮೊರಿಟ್ಸ್ ಮತ್ತು ಹೆನ್ರಿಕ್ಸ್ ಎಂಬ ಅಮೆರಿಕದ ಸಂಶೋಧಕರು, 60 ಡಿಗ್ರಿ ಸೆಂಟಿಗ್ರೇಡ್ ಬಿಸಿಯ ನೀರು ದೊಡ್ಡವರ ಚರ್ಮವನ್ನೇ ಸುಮಾರು 5 ಸೆಕೆಂಡುಗಳಲ್ಲಿ ಸುಡುವುದೆಂದು ತೋರಿಸಿದರು. ಕೂಸಿನ ಚರ್ಮ ಇನ್ನೂ ತೆಳುವಾದುದು. ಅದಕ್ಕೆ ತಕ್ಕ ಬಿಸಿ 37ರಿಂದ 38 ಡಿಗ್ರಿ, ಎಂದರೆ ನಮ್ಮ ಮೈಯ ಬಿಸಿಯಷ್ಟೆ. ದುಡಿದು ಒರಟಾದ ಅಂಗೈ ಈ ಹದವನ್ನು ತಿಳಿಯಲಾರದು. ಮೊಣಕೈಯನ್ನೋ ಮಣಿಕಟ್ಟಿನ ಒಳಭಾಗವನ್ನೋ ಅದ್ದಿ ನೋಡಬೇಕು. ಪಾತ್ರೆಗೆ ಮೊದಲು ತಣ್ಣೀರು, ಅನಂತರ ಬಿಸಿನೀರು. ಕೂಸನ್ನು ತರುವ ಮೊದಲೇ ನೀರು ಬೆರೆತು ಸಿದ್ಧವಾಗಿರಬೇಕು.

ಈಗ ಹಂಡೆ ಹೋಗಿ ವಿದ್ಯುತ್ತಿನ ಅಥವಾ ಗ್ಯಾಸಿನ ಗೀಸರ್ ಬಂದಿದೆ. ಹಂಡೆಯ ನೀರು ಕಾದುದು ಹಬೆಯಿಂದ ಕಾಣುತ್ತಿತ್ತು, ಒಲೆಯಿಂದ ತಿಳಿಯುತ್ತಿತ್ತು. ನಲ್ಲಿಯಾದರೋ ಮುನ್ಸೂಚನೆಯಿಲ್ಲದೆ ಸುಡುನೀರನ್ನು ಸುರಿಯಬಲ್ಲದು. ಕಿಟಕಿಯಿಲ್ಲದ ಸ್ನಾನಗೃಹದಲ್ಲಿ ಗ್ಯಾಸಿನ ಗೀಸರ್ ಉರಿದರೆ, ಬಣ್ಣವಾಸನೆಗಳಿಲ್ಲದ ಕಾರ್ಬನ್ ಮಾನಾಕ್ಸೈಡ್ ಎಂಬ ವಿಷಾನಿಲವು ತುಂಬಿಕೊಂಡು ತಾಯಿಮಕ್ಕಳಿಬ್ಬರ ಪ್ರಾಣವನ್ನೂ ತೆಗೆದೀತು. ಮಣೆ ಹೋಗಿ ಪ್ಲಾಸ್ಟಿಕ್ ತೊಟ್ಟಿ ಬಂದಿದೆ. ಎರೆಯುವ ಸ್ನಾನದಲ್ಲಿ ನಿಲ್ಲದಿದ್ದ ನೀರು ತೊಟ್ಟಿಯಲ್ಲಿ ನಿಲ್ಲುತ್ತದೆ. ಎರಡು ಅಂಗುಲ ನೀರಿನಲ್ಲಿಯೂ ಕೂಸು ಸದ್ದಿಲ್ಲದೆ ಮುಳುಗಬಲ್ಲದು. ಕೂಗಿದರೆ ಓಡಿಬಂದೇವೆಂದು ನಂಬಬಾರದು. ಮುಖ ನೀರಿಗಿಳಿದ ಕೂಸು ಕೂಗಲಾರದು. ತೊಟ್ಟಿಯೊಳಗೆ ಇಡುವ ಆಸನಗಳು ಕೂಸನ್ನು ಕೂರಿಸಬಲ್ಲವೇ ಹೊರತು ಕಾಯಲಾರವು.

ಆದರೆ ಎಲ್ಲಕ್ಕಿಂತ ದೊಡ್ಡ ಬದಲಾವಣೆ ಇವಾವುವೂ ಅಲ್ಲ. ನೀರು ಬೆರಸುವ ಕೈ, ಬಟ್ಟೆ ಹಿಡಿಯುವ ಕೈ ಎರಡೂ ಮಾಯವಾಗಿವೆ. ನಗರದ ಪುಟ್ಟ ಮನೆಯಲ್ಲಿ ತಾಯಿಯೊಬ್ಬಳೇ ಮೂವರ ಕೆಲಸವನ್ನು ಮಾಡುತ್ತಾಳೆ. ಹೊರಗೆ ಟೆಲಿಫೋನ್ ಮೊಳಗುತ್ತದೆ, ಬಾಗಿಲ ಗಂಟೆ ಬಡಿಯುತ್ತದೆ, ಒಲೆಯ ಮೇಲೆ ಹಾಲು ಉಕ್ಕುತ್ತದೆ. ಅಪಾಯವು ಒಳಹೊಗುವುದು ಅಂಥ ಗಳಿಗೆಯಲ್ಲಿಯೇ. ಆದುದರಿಂದ ಬಟ್ಟೆ, ಸಾಬೂನು, ತಂಬಿಗೆ ಎಲ್ಲವನ್ನೂ ಕೈಗೆ ಎಟಕುವಂತೆ ಮೊದಲೇ ಇಟ್ಟುಕೊಳ್ಳತಕ್ಕದ್ದು. ಹೋಗಲೇಬೇಕಾದರೆ ಕೂಸನ್ನು ಬಟ್ಟೆಯಲ್ಲಿ ಸುತ್ತಿ ಎತ್ತಿಕೊಂಡೇ ಹೋಗತಕ್ಕದ್ದು. ಹಾಲು ಉಕ್ಕಿದರೆ ಉಕ್ಕಲಿ. ಇನ್ನು ಮನೆಯಲ್ಲಿರುವ ಗಂಡಸರು ಈ ಭಾಷಣವನ್ನು ಕೇಳುತ್ತಿದ್ದರೆ ಅವರಿಗೆ ಒಂದು ಮಾತು: ಪತ್ರಿಕೆಯನ್ನು ಕೆಳಗಿಟ್ಟು ಬಟ್ಟೆಯನ್ನು ಹಿಡಿದು ನಿಲ್ಲುವುದರಿಂದ ಯಾರ ಘನತೆಗೂ ಕುಂದಿಲ್ಲ.

ಸುರಕ್ಷಣೆಯಷ್ಟೇ ಮುಖ್ಯವಾದುದು ಕೂಸಿನ ಸಂತೋಷ. ಇದನ್ನೂ ಪ್ರಾಚೀನರು ಮರೆಯಲಿಲ್ಲ. ಮಗುವಿನ ಆಟಿಕೆಗಳು ಬಣ್ಣಬಣ್ಣದವಾಗಿ, ಸದ್ದುಮಾಡುವಂಥವಾಗಿ ಇರಬೇಕು. ಭಾರವಾಗಿಯೂ ಚೂಪಾಗಿಯೂ ಬಾಯಿಯೊಳಗೆ ಹೋಗುವಷ್ಟು ಸಣ್ಣದಾಗಿಯೂ ಹೆದರಿಸುವಂತೆಯೂ ಇರಕೂಡದು ಎಂದು ಚರಕಸಂಹಿತೆ ಹೇಳುತ್ತದೆ. ತೊಟ್ಟಿಯಲ್ಲಿ ತೇಲಿಬಿಡುವ ಆಟಿಕೆಗೂ ಇದಕ್ಕಿಂತ ಒಳ್ಳೆಯ ನಿಯಮ ಬೇಕಿಲ್ಲ. ಹಸಿದಿರುವಾಗಲೂ, ಹೊಟ್ಟೆ ತುಂಬ ಹಾಲು ಕುಡಿದೊಡನೆಯೂ ನೀರು ಹಾಕಬಾರದು. ನೀರನ್ನು ಮೊದಲು ಪಾದಕ್ಕೆ ಮುಟ್ಟಿಸಿ ಮೆಲ್ಲಗೆ ಮೇಲಕ್ಕೆ ಬರಬೇಕು. ಮುಖದ ಮೇಲೆ ಸುರಿಯದೆ ಒದ್ದೆಬಟ್ಟೆಯಿಂದ ಒರೆಸಬೇಕು. ಎರೆಯುವಷ್ಟು ಹೊತ್ತೂ ಮಾತನಾಡುತ್ತಿರಬೇಕು. ಹಾಡು ಬಂದರೆ ಹಾಡಬೇಕು, ರಾಗ ತಪ್ಪಿದರೆ ಕೂಸು ಆಕ್ಷೇಪಿಸುವುದಿಲ್ಲ. ಅಜ್ಜಿಯು ಕೈಕಾಲು ನೀವುತ್ತ ಹೇಳುತ್ತಿದ್ದ ಲಾಲಿಯ ನುಡಿಗಳಿಗೆ ಅರ್ಥವಿರಲಿಲ್ಲವೆಂದು ನಾವು ತಿಳಿದರೆ ಅದು ನಮ್ಮ ಪಾಂಡಿತ್ಯದ ದೋಷ. ನೀರಿನಲ್ಲಿ ಭಯವಿಲ್ಲವೆಂಬ ಅರ್ಥವನ್ನು ಕೂಸು ಆ ಧ್ವನಿಯಿಂದಲೇ ಗ್ರಹಿಸುತ್ತಿತ್ತು.

ದ್ರಾಕ್ಷಾಮದ್ಯ, ಹೊಳೆಯ ತಣ್ಣೀರು, ಉಪ್ಪು, ಚಿನ್ನದ ನೀರು ಇವೆಲ್ಲವೂ ಒಂದೊಂದು ಕಾಲದಲ್ಲಿ ಪ್ರಮಾಣವೆನಿಸಿ ಕಳೆದುಹೋದವು. ಇಂದಿನ ಸಾಬೂನು ತೈಲಗಳ ಗತಿಯೂ ಮುಂದೆ ಹೀಗೆಯೇ ಆಗಬಹುದು. ಎಲ್ಲ ಪರೀಕ್ಷೆಗಳನ್ನೂ ದಾಟಿ ಉಳಿದುವು ಮೂರೇ: ಮೈಯಷ್ಟು ಬೆಚ್ಚನೆಯ ನೀರು, ಬೇರೆಲ್ಲಿಗೂ ಹೋಗದ ಕಣ್ಣು, ಬಿಡದ ಕೈ. ಇವು ಅಂಗಡಿಯಲ್ಲಿ ದೊರೆಯುವುದಿಲ್ಲ, ಬಡವರಿಗೆ ಇಲ್ಲವೆಂಬುದೂ ಇಲ್ಲ. ನೀರೆರೆಯುವವರಿಗೆ ಆ ಹತ್ತು ನಿಮಿಷಗಳ ಮಟ್ಟಿಗೆ ಬೇರಾವ ಕೆಲಸವನ್ನೂ ಹೇಳದಿರುವುದು ಮನೆಯ ಉಳಿದವರೆಲ್ಲರ ಧರ್ಮ.