ದಾಂಪತ್ಯ ದೀಪಿಕೆ ಮತ್ತು ನಮ್ಮ ಸೀಮೆ

ಬಾದಾಮಿಯ ಮೂರನೇ ಗುಹೆಯ ಕಾಲ, ಅಲ್ಲಿನ ಶಾಸನದಂತೆ, ಕ್ರಿ.ಶ. 578. ಕಂಬಗಳ ಮೇಲೆ ಮೈಗೆ ಮೈ ತಾಗಿಸಿ ನಿಂತ ದಂಪತಿಗಳ ಸಾಲಿದೆ. ಊರಿನ ವಸ್ತುಸಂಗ್ರಹಾಲಯದಲ್ಲಿ ನಾಗನಾಥನಕೊಳ್ಳದಿಂದ ತಂದ ಲಜ್ಜಾಗೌರಿ, ತಲೆಯ ಜಾಗದಲ್ಲಿ ತಾವರೆ, ಕಾಲು ಮಡಚಿ ಅಗಲಿಸಿ ಹೆರುವ ಭಂಗಿಯಲ್ಲಿದ್ದಾಳೆ. ಮಕ್ಕಳನ್ನು ಪ್ರವಾಸಕ್ಕೆ ಕರೆತರುವ ಮಾಸ್ತರರ ಹೆಜ್ಜೆ ಇಲ್ಲಿಗೆ ಬಂದಾಗ ಮಾತ್ರ ಚುರುಕಾಗುತ್ತದೆ.

ಮನೆಯಲ್ಲೂ ಹಾಗೇ. ಕುಬುಸದ ದಿನ ಹಸಿರು ಇಳಕಲ್ ಸೀರೆ ಉಡಿಸಿ, ಉಡಿ ತುಂಬಿ, ಆರತಿ ಎತ್ತುವ ಹೆಂಗಸರಿಗೇನೂ ಕೊರತೆಯಿರಲಿಲ್ಲ. ನಿನ್ನ ಮೈಯೊಳಗೆ ಏನು ನಡೆದಿದೆ ಎಂದು ಬಸುರಿಗೆ ಬಿಡಿಸಿ ಹೇಳುವವರು ಮಾತ್ರ ಅಪರೂಪ.

ಮೈಸೂರು ಸರ್ಕಾರ 1930ರಲ್ಲೇ ಸಂತಾನ ನಿಯಂತ್ರಣ ಚಿಕಿತ್ಸಾಲಯಗಳಿಗೆ ಆದೇಶ ಕೊಟ್ಟಿತ್ತು. ಬಾಗಲಕೋಟೆ, ಬಾದಾಮಿ, ಹುನಗುಂದಗಳು ಆಗ ಮುಂಬಯಿ ಪ್ರಾಂತದ ವಿಜಾಪುರ ಜಿಲ್ಲೆಯಲ್ಲಿದ್ದವು. ಆ ಆದೇಶ ನಮಗೆ ಅನ್ವಯಿಸಲಿಲ್ಲ. ಮುಂಬಯಿಯಲ್ಲೇನೋ ರ.ಧೋಂ. ಕರ್ವೆ 1927ರಿಂದ ‘ಸಮಾಜಸ್ವಾಸ್ಥ್ಯ’ ಪತ್ರಿಕೆ ನಡೆಸಿ, ಅಶ್ಲೀಲತೆಯ ಮೊಕದ್ದಮೆಗಳನ್ನೂ ಎದುರಿಸಿದರು. ಒಂದರಲ್ಲಿ ಅವರ ಪರ ವಾದಿಸಿದವರು ಡಾ. ಅಂಬೇಡ್ಕರ್. ಆದರೆ ಪತ್ರಿಕೆ ಮರಾಠಿಯದು.

ಕನ್ನಡದ ಹೆಣ್ಣುಮಗಳಿಗೆ ಈ ಮಾತು ಮುಟ್ಟಿಸಿದವರಲ್ಲಿ ಮೊದಲ ಸಾಲಿನ ಹೆಸರು ಡಾ. ಅನುಪಮಾ ನಿರಂಜನ. 1934ರಲ್ಲಿ ತೀರ್ಥಹಳ್ಳಿಯಲ್ಲಿ ಹುಟ್ಟಿದ ಅವರ ಮೊದಲ ಹೆಸರು ವೆಂಕಟಲಕ್ಷ್ಮಿ. ಮೈಸೂರಿನಲ್ಲಿ ವೈದ್ಯಕೀಯ ಓದಿ, ಕಾದಂಬರಿಕಾರ ನಿರಂಜನರನ್ನು ಮದುವೆಯಾಗಿ, ಧಾರವಾಡದಲ್ಲಿ ವೈದ್ಯವೃತ್ತಿ ಮಾಡಿದರು. ಮುಂದೆ ಬೆಂಗಳೂರಿಗೆ ಹೋದರು. ‘ದಾಂಪತ್ಯ ದೀಪಿಕೆ’, ‘ತಾಯಿ ಮಗು’, ‘ಸ್ತ್ರೀ ಸ್ವಾಸ್ಥ್ಯ ಸಂಹಿತೆ’ ಬಂದವು. ಜೊತೆಗೆ ಕಾದಂಬರಿಗಳು, ಮಕ್ಕಳಿಗೆ ಹನ್ನೆರಡು ಸಂಪುಟಗಳ ‘ದಿನಕ್ಕೊಂದು ಕಥೆ’. ಮಕ್ಕಳಿಗೆ ಕಥೆ ಹೇಳುವ ಲೇಖಕಿಯೇ ಗಂಡಹೆಂಡಿರ ಹಾಸಿಗೆಯ ಮಾತನ್ನೂ ಬರೆದದ್ದು ‘ದಾಂಪತ್ಯ ದೀಪಿಕೆ’ಗೆ ಒಂದು ಮರ್ಯಾದೆ ತಂದಿತೆಂದೇ ಹೇಳಬೇಕು. ಗಂಡಸರು ಗುಟ್ಟಾಗಿ ಕೊಳ್ಳುವ ಹಳದಿ ಹೊತ್ತಿಗೆಗಳ ರಾಶಿಯಿಂದ ವಿಷಯ ಹೊರಬಂದು, ಮದುವೆಗೆ ಉಡುಗೊರೆ ಕೊಡಬಹುದಾದ ಪುಸ್ತಕವಾಯಿತು. ಹಾಗಂತ ಹುಬ್ಬು ಗಂಟಿಕ್ಕಿದವರು ಇರಲಿಲ್ಲವೆಂದಲ್ಲ. ಕ್ಯಾನ್ಸರ್ ಜೊತೆ ಸೆಣಸುತ್ತಲೇ ಬರೆದ ಅವರು 1991ರಲ್ಲಿ ತೀರಿಕೊಂಡರು.

ಒಂದು ತಕರಾರು ಎತ್ತಲೇಬೇಕು. ಆ ದೀಪಿಕೆ ಬೆಳಗಿದ್ದು, ಹೆಸರೇ ಹೇಳುವಂತೆ, ಮದುವೆಯಾದವರ ಮನೆಯನ್ನು. ನಮ್ಮ ಸೀಮೆಯಲ್ಲಿ ದೇವದಾಸಿಯರಾಗಿ ಮುತ್ತು ಕಟ್ಟಿಸಿಕೊಂಡ ಹೆಣ್ಣುಮಕ್ಕಳು ಅದರ ಹೊರಗೇ ಉಳಿದರು. ದೇವದಾಸಿ ಸಮರ್ಪಣೆ ನಿಷೇಧದ ಕಾಯ್ದೆ ಬಂದದ್ದು 1982ರಲ್ಲಿ. ಪದ್ಧತಿ ಅಷ್ಟಕ್ಕೇ ನಿಲ್ಲಲಿಲ್ಲ. ಬಾಗಲಕೋಟೆ ಪ್ರತ್ಯೇಕ ಜಿಲ್ಲೆಯಾದದ್ದು 1997ರಲ್ಲಿ. ಕೆಲವೇ ವರ್ಷಗಳಲ್ಲಿ ಇಲ್ಲಿ ನಡೆದ ಸಮೀಕ್ಷೆಯಲ್ಲಿ ವಯಸ್ಕರಲ್ಲಿ ಎಚ್‌ಐವಿ ಸೋಂಕು ಸುಮಾರು ಶೇ. 3 ಎಂದು ಗೊತ್ತಾಯಿತು. ಆಗ ಹಳ್ಳಿಹಳ್ಳಿಯಲ್ಲಿ ಕಾಂಡೋಮ್ ಬಳಸುವುದನ್ನು ತೋರಿಸಿ, ರಕ್ತ ಪರೀಕ್ಷೆಗೆ ಜೊತೆಯಾಗಿ ಹೋದವರಲ್ಲಿ ಅದೇ ದೇವದಾಸಿ ಮನೆತನಗಳ ಹೆಂಗಸರಿದ್ದರು. ಅವರಲ್ಲಿ ಎಷ್ಟೋ ಮಂದಿಗೆ ಓದು ಬರುತ್ತಿರಲಿಲ್ಲ. ಪಾಠವನ್ನು ಚಿತ್ರದ ಹಾಳೆ ತಿರುವುತ್ತ ಬಾಯಿಮಾತಿನಲ್ಲೇ ಮಾಡಿದರು.