ನಿವೃತ್ತಿ ಸೌಲಭ್ಯಗಳ ತಡೆಹಿಡಿಯುವಿಕೆ (ಭಾರತದ ಸರ್ಕಾರಿ ಸೇವೆ)

ನಿವೃತ್ತಿ ಸೌಲಭ್ಯಗಳ ತಡೆಹಿಡಿಯುವಿಕೆ ಎಂದರೆ ಸೇವೆಯಿಂದ ನಿವೃತ್ತರಾದ ಸರ್ಕಾರಿ ನೌಕರರಿಗೆ ಸಲ್ಲಬೇಕಾದ ಪಿಂಚಣಿ, ಗ್ರಾಚ್ಯುಟಿ ಎಂದೇ ಬಳಕೆಯಲ್ಲಿರುವ ಉಪದಾನ, ಗಳಿಕೆ ರಜೆಯ ನಗದೀಕರಣ ಮೊದಲಾದ ಮೊತ್ತಗಳನ್ನು ಪೂರ್ಣವಾಗಿಯೋ ಭಾಗಶಃವಾಗಿಯೋ ಪಾವತಿಸದೆ ಉಳಿಸಿಕೊಳ್ಳುವ ಕ್ರಮ. ಇಲಾಖಾ ವಿಚಾರಣೆ ಬಾಕಿಯಿರುವುದು, ಲೆಕ್ಕಪರಿಶೋಧನೆಯ ಆಕ್ಷೇಪಣೆ, ಹಿಂದೆ ಹೆಚ್ಚುವರಿ ವೇತನ ಪಾವತಿಯಾಗಿದೆಯೆಂಬ ವಾದ, ಸರ್ಕಾರಿ ವಸತಿಗೃಹವನ್ನು ತೆರವು ಮಾಡದಿರುವುದು ಇದಕ್ಕೆ ಸಾಮಾನ್ಯವಾಗಿ ನೀಡಲಾಗುವ ಕಾರಣಗಳು. ಯಾವ ಕಾರಣವೂ ಇಲ್ಲದೆ ಕಡತವು ಮೇಜಿನಿಂದ ಮೇಜಿಗೆ ಅಲೆಯುವುದರಿಂದ ಉಂಟಾದ ವ್ಯಾಜ್ಯಗಳೂ ಕಡಿಮೆಯಲ್ಲ.

ಪಿಂಚಣಿ: ಕೃಪೆಯೋ ಹಕ್ಕೋ?

ಪಿಂಚಣಿಯು ಸರ್ಕಾರದ ಔದಾರ್ಯವೆಂಬ ಹಳೆಯ ಭಾವನೆಯನ್ನು ಸರ್ವೋಚ್ಚ ನ್ಯಾಯಾಲಯವು 1971ರಲ್ಲಿ ದೇವಕಿನಂದನ ಪ್ರಸಾದ್ ವಿರುದ್ಧ ಬಿಹಾರ ರಾಜ್ಯ ಪ್ರಕರಣದಲ್ಲಿ ತಳ್ಳಿಹಾಕಿತು. ಅರ್ಜಿದಾರರು ಶಿಕ್ಷಣ ಇಲಾಖೆಯ ನೌಕರರು. ಐದು ವರ್ಷಕ್ಕೂ ಮೀರಿ ಗೈರುಹಾಜರಾದ ಕಾರಣ ಅವರ ಸೇವೆ ತಾನಾಗಿಯೇ ಕೊನೆಗೊಂಡಿತೆಂದು ಹೇಳಿ ಸರ್ಕಾರವು ಪಿಂಚಣಿಯನ್ನು ನಿರಾಕರಿಸಿತ್ತು. ಪಿಂಚಣಿಯು ಆಸ್ತಿ, ಅದನ್ನು ಕೇವಲ ಕಾರ್ಯಾಂಗದ ಆದೇಶದಿಂದ ಕಸಿದುಕೊಳ್ಳಲಾಗದು ಎಂಬುದು ಸಂವಿಧಾನ ಪೀಠದ ನಿರ್ಣಯ. 1978ರ 44ನೆಯ ತಿದ್ದುಪಡಿಯಿಂದ ಆಸ್ತಿಯ ಹಕ್ಕು ಮೂಲಭೂತ ಹಕ್ಕುಗಳ ಸಾಲಿನಿಂದ ಹೊರಬಿದ್ದರೂ, ಕಾನೂನಿನ ಆಧಾರವಿಲ್ಲದೆ ಯಾರ ಆಸ್ತಿಯನ್ನೂ ಕಸಿದುಕೊಳ್ಳಬಾರದೆಂಬ 300ಎ ವಿಧಿಯು ಉಳಿದುಕೊಂಡಿತು. 1982ರ ಡಿಸೆಂಬರ್ 17ರ ಡಿ. ಎಸ್. ನಕಾರಾ ತೀರ್ಪು, ಪಿಂಚಣಿಯು ಸಲ್ಲಿಸಿದ ಸೇವೆಗೆ ದೊರೆಯುವ ಪ್ರತಿಫಲವೆಂಬ ಮಾತನ್ನು ಇನ್ನಷ್ಟು ಗಟ್ಟಿಗೊಳಿಸಿತು. ಆ ದಿನವನ್ನು ನಿವೃತ್ತರು ಪಿಂಚಣಿದಾರರ ದಿನವಾಗಿ ಆಚರಿಸುತ್ತಾರೆ.

ವಿಚಾರಣೆ ಬಾಕಿಯಿರುವಾಗ

ವ್ಯಾಜ್ಯಗಳಲ್ಲಿ ಅತಿ ಕ್ಲಿಷ್ಟವಾದದ್ದು ಈ ಬಗೆ. 2013ರ ಜಾರ್ಖಂಡ್ ರಾಜ್ಯ ವಿರುದ್ಧ ಜಿತೇಂದ್ರ ಕುಮಾರ್ ಶ್ರೀವಾಸ್ತವ ಪ್ರಕರಣದಲ್ಲಿ ಸರ್ಕಾರವು ಪಿಂಚಣಿಯ ಶೇ. 10 ಭಾಗವನ್ನೂ ಉಪದಾನ ಮತ್ತು ರಜೆ ನಗದೀಕರಣದ ಮೊತ್ತವನ್ನೂ ತಡೆಹಿಡಿದಿತ್ತು. ಅಲ್ಲಿ ಅನ್ವಯಿಸುತ್ತಿದ್ದ ಬಿಹಾರ ಪಿಂಚಣಿ ನಿಯಮವು ತಪ್ಪು ಸಾಬೀತಾದ ಮೇಲೆ ಮಾತ್ರ ಪಿಂಚಣಿ ತಡೆಹಿಡಿಯಲು ಅವಕಾಶ ನೀಡಿತ್ತು. ಸುತ್ತೋಲೆಗೆ ಕಾನೂನಿನ ಬಲವಿಲ್ಲ, ಆದ್ದರಿಂದ ಅದರ ಆಧಾರದ ಮೇಲೆ ಹಣ ತಡೆಯಲಾಗದು ಎಂದು ನ್ಯಾಯಾಲಯ ಹೇಳಿತು.

ಈ ತೀರ್ಪನ್ನು ಎಲ್ಲ ನೌಕರರಿಗೂ ಒಂದೇ ಸಮನೆ ಅನ್ವಯಿಸಿಕೊಳ್ಳುವುದು ಸರಿಯಲ್ಲ. ಕೇಂದ್ರ ನೌಕರರ ಪಿಂಚಣಿ ನಿಯಮಗಳು ವಿಚಾರಣೆ ನಡೆಯುತ್ತಿರುವಾಗ ತಾತ್ಕಾಲಿಕ ಪಿಂಚಣಿ ನೀಡಿ, ಉಪದಾನವನ್ನು ಮಾತ್ರ ತಡೆಹಿಡಿಯಲು ಸ್ಪಷ್ಟ ಅಧಿಕಾರ ಕೊಡುತ್ತವೆ. ಹೀಗಾಗಿ ನಿಯಮದ ಪಠ್ಯವೇ ಮೊದಲು ಪರಿಶೀಲಿಸಬೇಕಾದದ್ದು. ಕರ್ನಾಟಕದಲ್ಲಿ ಕರ್ನಾಟಕ ನಾಗರಿಕ ಸೇವಾ ನಿಯಮಗಳ 214ನೆಯ ನಿಯಮವು ಅನ್ವಯಿಸುತ್ತದೆ. ಅದರಂತೆ ನಿವೃತ್ತಿಯ ಬಳಿಕ ಇಲಾಖಾ ವಿಚಾರಣೆ ಆರಂಭಿಸಲು ಸರ್ಕಾರದ ಮಂಜೂರಾತಿ ಬೇಕು. ವಿಚಾರಣೆ ಆರಂಭಕ್ಕೆ ನಾಲ್ಕು ವರ್ಷಗಳಿಗಿಂತ ಹಿಂದಿನ ಘಟನೆಯ ಕುರಿತು ಅಂಥ ವಿಚಾರಣೆ ನಡೆಸುವಂತಿಲ್ಲ. ನಿವೃತ್ತರ ಪರವಾಗಿ ಅನೇಕ ಪ್ರಕರಣಗಳು ಇತ್ಯರ್ಥವಾಗುವುದು ಈ ಕಾಲಮಿತಿಯ ಬಲದಿಂದಲೇ.

ವಿಳಂಬ, ಬಡ್ಡಿ ಮತ್ತು ವಸೂಲಿ

ಕೇರಳದ ಎಂ. ಪದ್ಮನಾಭನ್ ನಾಯರ್ 1973ರಲ್ಲಿ ನಿವೃತ್ತರಾದರು. ಹಣ ಕೈಸೇರಿದ್ದು 1975ರಲ್ಲಿ. ಅಂತಿಮ ವೇತನ ಪ್ರಮಾಣಪತ್ರ ಸಕಾಲಕ್ಕೆ ಬಾರದಿದ್ದುದೇ ವಿಳಂಬದ ಮೂಲ. ತನ್ನದೇ ಕಚೇರಿಗಳ ಆಲಸ್ಯದಿಂದ ಪಾವತಿ ತಡವಾದರೆ ಸರ್ಕಾರವು ಬಡ್ಡಿ ತೆರಬೇಕು, ಆ ಹೊಣೆ ನಿವೃತ್ತಿಯಾಗಿ ಎರಡು ತಿಂಗಳು ಕಳೆದಾಗಿನಿಂದ ಆರಂಭವಾಗಬೇಕು ಎಂದು ಸರ್ವೋಚ್ಚ ನ್ಯಾಯಾಲಯ ಅಭಿಪ್ರಾಯಪಟ್ಟಿತು.

ಹೆಚ್ಚುವರಿ ವೇತನದ ವಸೂಲಿಯ ಬಗೆಗೆ 2014ರ ಪಂಜಾಬ್ ರಾಜ್ಯ ವಿರುದ್ಧ ರಫೀಕ್ ಮಸೀಹ್ ತೀರ್ಪು ಮುಖ್ಯವಾದುದು. ನಿವೃತ್ತರಿಂದ, ಒಂದು ವರ್ಷದೊಳಗೆ ನಿವೃತ್ತರಾಗುವವರಿಂದ, ಹಾಗೂ ‘ಸಿ’ ಮತ್ತು ‘ಡಿ’ ವರ್ಗದ ನೌಕರರಿಂದ ವಸೂಲಿ ಮಾಡಲಾಗದು ಎಂದು ಅದು ಹೇಳುತ್ತದೆ. ಆದರೆ ಹೆಚ್ಚುವರಿ ಮೊತ್ತವನ್ನು ಹಿಂದಿರುಗಿಸುವುದಾಗಿ ಮುಚ್ಚಳಿಕೆ ಬರೆದುಕೊಟ್ಟವರು ಅದಕ್ಕೆ ಬದ್ಧರು ಎಂದು 2016ರ ಜಗದೇವ್ ಸಿಂಗ್ ಪ್ರಕರಣದಲ್ಲಿ ತೀರ್ಮಾನವಾಯಿತು. ವೇತನ ಪರಿಷ್ಕರಣೆಯ ವೇಳೆ ಓದದೆಯೇ ಸಹಿ ಹಾಕಿದ ಒಂದು ಹಾಳೆ ವರ್ಷಗಳ ಬಳಿಕ ಹೀಗೆ ಎದುರು ನಿಲ್ಲಬಹುದು.

ಪರಿಹಾರ ಮಾರ್ಗ

ಕರ್ನಾಟಕ ಸರ್ಕಾರದ ನೌಕರರು ಮೊದಲು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಯನ್ನೂ ಕೇಂದ್ರ ನೌಕರರು ಕೇಂದ್ರೀಯ ಆಡಳಿತ ನ್ಯಾಯಮಂಡಳಿಯನ್ನೂ ಸಂಪರ್ಕಿಸಬೇಕು. 1997ರ ಎಲ್. ಚಂದ್ರಕುಮಾರ್ ತೀರ್ಪಿನ ನಂತರ ಇವುಗಳ ಆದೇಶಗಳನ್ನು ಉಚ್ಚ ನ್ಯಾಯಾಲಯದಲ್ಲಿ ಪ್ರಶ್ನಿಸಬಹುದು. 1985ರ ಆಡಳಿತ ನ್ಯಾಯಮಂಡಳಿಗಳ ಅಧಿನಿಯಮದಂತೆ ಅಂತಿಮ ಆದೇಶದಿಂದ ಒಂದು ವರ್ಷದೊಳಗೆ ಅರ್ಜಿ ಸಲ್ಲಿಸುವುದು ಸಾಮಾನ್ಯ ನಿಯಮ. ಪಿಂಚಣಿಯ ಕೊರತೆಯು ತಿಂಗಳು ತಿಂಗಳೂ ಮರುಕಳಿಸುವ ಅನ್ಯಾಯವಾದುದರಿಂದ ತಡವಾಗಿ ಬಂದವರ ಅರ್ಜಿಯನ್ನೂ ಪುರಸ್ಕರಿಸಬಹುದಾದರೂ, 2008ರ ತರ್ಸೇಮ್ ಸಿಂಗ್ ತೀರ್ಪಿನಂತೆ ಹಿಂಬಾಕಿಯು ಸಾಮಾನ್ಯವಾಗಿ ಅರ್ಜಿಗೆ ಹಿಂದಿನ ಮೂರು ವರ್ಷಗಳಿಗಷ್ಟೇ ದೊರೆಯುತ್ತದೆ.