ಅಫ್ಘಾನಿಸ್ತಾನದಲ್ಲಿ ಹೆಣ್ಣುಮಕ್ಕಳ ಶಿಕ್ಷಣ

ಅಫ್ಘಾನಿಸ್ತಾನದಲ್ಲಿ ಹೆಣ್ಣುಮಕ್ಕಳ ಆಧುನಿಕ ಶಾಲಾ ಶಿಕ್ಷಣವು 1921ರಲ್ಲಿ ರಾಜಧಾನಿ ಕಾಬೂಲಿನಲ್ಲಿ ಪ್ರಾರಂಭವಾಯಿತು. ಅಲ್ಲಿಂದ ಮುಂದಕ್ಕೆ ಆಳುವವರು ಬದಲಾದಂತೆಲ್ಲ ಶಾಲೆಯ ಬಾಗಿಲುಗಳು ತೆರೆಯುತ್ತ, ಮುಚ್ಚುತ್ತ ಬಂದಿವೆ. 2021ರ ಆಗಸ್ಟ್ 15ರಂದು ತಾಲಿಬಾನ್ ಎರಡನೆಯ ಬಾರಿಗೆ ಅಧಿಕಾರ ಹಿಡಿದ ಮೇಲೆ ಬಾಲಕಿಯರ ಓದು ಆರನೆಯ ತರಗತಿಗೆ ನಿಂತಿದೆ. ಪ್ರೌಢಶಿಕ್ಷಣ ಮತ್ತು ಉನ್ನತ ಶಿಕ್ಷಣ ಎರಡನ್ನೂ ಹೆಣ್ಣುಮಕ್ಕಳಿಗೆ ನಿಷೇಧಿಸಿರುವ ದೇಶ ಪ್ರಪಂಚದಲ್ಲಿ ಇದೊಂದೇ. ಪಶ್ತೋ ಭಾಷೆಯಲ್ಲಿ 'ತಾಲಿಬಾನ್' ಎಂಬ ಪದಕ್ಕೆ 'ವಿದ್ಯಾರ್ಥಿಗಳು' ಎಂಬುದೇ ಅರ್ಥ.

ಆರಂಭದ ದಿನಗಳು

1919ರಲ್ಲಿ ಪಟ್ಟಕ್ಕೆ ಬಂದ ಅಮಾನುಲ್ಲಾ ಖಾನ್ ಮತ್ತು ಆತನ ಪತ್ನಿ ರಾಣಿ ಸೊರಾಯಾ ಸ್ತ್ರೀಶಿಕ್ಷಣಕ್ಕೆ ಬುನಾದಿ ಹಾಕಿದರು. ಸೊರಾಯಾಳ ತಂದೆ ಮಹಮೂದ್ ತರ್ಜಿ ಖ್ಯಾತ ಲೇಖಕ ಹಾಗೂ ಪತ್ರಕರ್ತ. ತಾಯಿ ಅಸ್ಮಾ ರಸ್ಮಿಯಾ ಮಹಿಳೆಯರಿಗಾಗಿಯೇ 'ಇರ್ಷಾದ್-ಎ-ನಿಸ್ವಾನ್' ಎಂಬ ಪತ್ರಿಕೆಯನ್ನು ನಡೆಸಿದವಳು. ಮೊದಲ ಬಾಲಿಕಾ ಶಾಲೆಯಾದ 'ಮಸ್ತೂರಾತ್' 1921ರಲ್ಲಿ ತೆರೆಯಿತು. 1928ರಲ್ಲಿ ಕೆಲವು ವಿದ್ಯಾರ್ಥಿನಿಯರನ್ನು ಹೆಚ್ಚಿನ ವ್ಯಾಸಂಗಕ್ಕೆಂದು ತುರ್ಕಿಗೆ ಕಳುಹಿಸಲಾಯಿತು. ರಾಜನ ಸುಧಾರಣೆಗಳು ತೀರ ಅವಸರದವಾಗಿದ್ದವು; ಹಳ್ಳಿಗಾಡಿನ ಜನರನ್ನು ಜೊತೆಗೆ ಕರೆದೊಯ್ಯಲಿಲ್ಲ. ಅದೇ ವರ್ಷದ ಕೊನೆಯಲ್ಲಿ ದಂಗೆ ಎದ್ದು, 1929ರ ಜನವರಿಯಲ್ಲಿ ಅಮಾನುಲ್ಲಾ ಸಿಂಹಾಸನ ತ್ಯಜಿಸಬೇಕಾಯಿತು. ಕಾಬೂಲನ್ನು ವಶಪಡಿಸಿಕೊಂಡ ಹಬೀಬುಲ್ಲಾ ಕಲಕಾನಿ ಬಾಲಿಕಾ ಶಾಲೆಗಳನ್ನು ಮುಚ್ಚಿಸಿದನು.

ಆ ಬಳಿಕ ಬಂದ ಅರಸರು ಎಚ್ಚರಿಕೆಯಿಂದ, ನಿಧಾನವಾಗಿ ಶಾಲೆಗಳನ್ನು ಮತ್ತೆ ತೆರೆದರು. 1959ರ ಸ್ವಾತಂತ್ರ್ಯೋತ್ಸವದಲ್ಲಿ ರಾಜಮನೆತನದ ಹಾಗೂ ಮಂತ್ರಿಗಳ ಮನೆಯ ಸ್ತ್ರೀಯರು ಮುಸುಕಿಲ್ಲದೆ ಸಾರ್ವಜನಿಕರೆದುರು ಕಾಣಿಸಿಕೊಂಡದ್ದು ಒಂದು ತಿರುವಾಯಿತು. 1964ರ ಸಂವಿಧಾನ ಮಹಿಳೆಯರಿಗೆ ಮತದಾನದ ಹಕ್ಕನ್ನು ನೀಡಿತು. 1965ರ ಚುನಾವಣೆಯಲ್ಲಿ ನಾಲ್ವರು ಮಹಿಳೆಯರು ಕೆಳಮನೆಗೆ ಆಯ್ಕೆಯಾದರು. ಕುಬ್ರಾ ನೂರ್‌ಜಾಯ್ ಆರೋಗ್ಯ ಸಚಿವೆಯಾದರು. ಕಾಬೂಲ್ ವಿಶ್ವವಿದ್ಯಾಲಯದಲ್ಲಿ ಯುವಕ ಯುವತಿಯರು ಒಂದೇ ಕೊಠಡಿಯಲ್ಲಿ ಕುಳಿತು ಓದುತ್ತಿದ್ದರು. ಈ ಕಾಲದ ಛಾಯಾಚಿತ್ರಗಳನ್ನು ನೋಡಿ ಇಡೀ ದೇಶವೇ ಹಾಗಿತ್ತೆಂದು ಭಾವಿಸುವುದು ತಪ್ಪಾಗುತ್ತದೆ. ಈ ಸೌಲಭ್ಯಗಳು ಬಹುಮಟ್ಟಿಗೆ ನಗರಗಳ ಸುಶಿಕ್ಷಿತ ಕುಟುಂಬಗಳಿಗೆ ಸೀಮಿತವಾಗಿದ್ದವು.

1978ರ ಕಮ್ಯುನಿಸ್ಟ್ ಸರ್ಕಾರ ಸಾಕ್ಷರತೆಯನ್ನು ಬಲವಂತವಾಗಿ ಹರಡಲು ಹೊರಟು ಗ್ರಾಮಾಂತರದಲ್ಲಿ ಪ್ರತಿರೋಧ ಎದುರಿಸಿತು. ಸೋವಿಯತ್ ಆಕ್ರಮಣ ಮತ್ತು ಅನಂತರದ ಅಂತರ್ಯುದ್ಧದಲ್ಲಿ ಅನೇಕ ಶಾಲೆಗಳು ನಾಶವಾದವು.

ಮೊದಲ ತಾಲಿಬಾನ್ ಆಡಳಿತ

1996ರ ಸೆಪ್ಟೆಂಬರ್‌ನಲ್ಲಿ ಕಾಬೂಲನ್ನು ಗೆದ್ದ ತಾಲಿಬಾನ್ ಬಾಲಿಕಾ ಶಾಲೆಗಳನ್ನು ಮುಚ್ಚಿ, ಮಹಿಳೆಯರ ಉದ್ಯೋಗವನ್ನು ನಿಷೇಧಿಸಿತು. ಆದರೆ ಓದು ಪೂರ್ಣವಾಗಿ ನಿಲ್ಲಲಿಲ್ಲ. ಶಿಕ್ಷಕಿಯರು ತಮ್ಮ ಮನೆಗಳಲ್ಲಿಯೇ ಗುಟ್ಟಾಗಿ ಪಾಠ ಹೇಳಿದರು. ಸಕೀನಾ ಯಾಕೂಬಿ 1995ರಲ್ಲಿ ಸ್ಥಾಪಿಸಿದ ಸಂಸ್ಥೆಯು ಇಂಥ ಮನೆಶಾಲೆಗಳಿಗೆ ನೆರವಾಯಿತು. ಹೆರಾತ್ ನಗರದಲ್ಲಿ 'ಚಿನ್ನದ ಸೂಜಿ' ಎಂಬ ಹೊಲಿಗೆ ತರಗತಿಯ ಹೆಸರಿನಲ್ಲಿ ಯುವತಿಯರು ಸೇರಿ ಸಾಹಿತ್ಯವನ್ನು ಅಭ್ಯಾಸ ಮಾಡುತ್ತಿದ್ದರು. ಹೊಲಿಗೆಗೆ ಮಾತ್ರ ಅಡ್ಡಿ ಇರಲಿಲ್ಲವಾದ್ದರಿಂದ ಸೂಜಿ ಬಟ್ಟೆಗಳ ನಡುವೆ ಪುಸ್ತಕಗಳು ಬರುತ್ತಿದ್ದವು. ಆ ಗುಂಪಿನಲ್ಲಿ ಕಲಿತ ನಾದಿಯಾ ಅಂಜುಮನ್ ಮುಂದೆ ಕವಿಯಾಗಿ ಹೆಸರಾದರು. 2005ರಲ್ಲಿ, ಅಂದರೆ ತಾಲಿಬಾನ್ ಪತನಗೊಂಡ ನಾಲ್ಕು ವರ್ಷಗಳ ಮೇಲೆ, ಅವರು ಗಂಡನಿಂದ ಹೊಡೆತ ತಿಂದು ಮೃತಪಟ್ಟರು. ಹೆಣ್ಣಿನ ಸಂಕಟಕ್ಕೆ ಸರ್ಕಾರವೊಂದೇ ಕಾರಣವಾಗಿರಲಿಲ್ಲ.

2001ರಿಂದ 2021

2004ರ ಸಂವಿಧಾನವು ಸ್ತ್ರೀಪುರುಷರಿಗೆ ಸಮಾನ ಹಕ್ಕು ನೀಡಿ, ಕೆಳಮನೆಯ 249 ಸ್ಥಾನಗಳಲ್ಲಿ 68ನ್ನು ಮಹಿಳೆಯರಿಗೆ ದೊರಕಿಸಿತು. 2005ರಲ್ಲಿ ಹಬೀಬಾ ಸರಾಬಿ ಬಾಮಿಯಾನ್ ಪ್ರಾಂತ್ಯಕ್ಕೆ ರಾಜ್ಯಪಾಲರಾದರು. ಆ ಹುದ್ದೆಗೇರಿದ ಮೊದಲ ಮಹಿಳೆ ಅವರೇ. ಯುನೆಸ್ಕೋ ಲೆಕ್ಕದಂತೆ 2001ರಲ್ಲಿ ಪ್ರಾಥಮಿಕ ಶಾಲೆಗಳಲ್ಲಿ ಬಾಲಕಿಯರ ಸಂಖ್ಯೆ ಹೆಚ್ಚುಕಡಿಮೆ ಶೂನ್ಯವಾಗಿತ್ತು. 2018ರಲ್ಲಿ ಅದು 25 ಲಕ್ಷ ತಲುಪಿತು. ಈ ಅವಧಿಯಲ್ಲಿಯೂ ಯುದ್ಧ ನಡೆದಿದ್ದ ದಕ್ಷಿಣದ ಪ್ರಾಂತ್ಯಗಳಲ್ಲಿ ಶಾಲೆಗಳಿಗೆ ಬೆಂಕಿ ಹಚ್ಚಿದ ಘಟನೆಗಳು ನಡೆದವು.

2021ರ ನಂತರದ ನಿಷೇಧಗಳು

2021ರ ಸೆಪ್ಟೆಂಬರ್‌ನಲ್ಲಿ ಪ್ರೌಢಶಾಲೆಗಳು ಬಾಲಕರಿಗೆ ಮಾತ್ರ ತೆರೆದವು. ಬಾಲಕಿಯರಿಗೆ 'ಸದ್ಯಕ್ಕೆ' ಇಲ್ಲವೆಂದು ಹೇಳಲಾಯಿತು. 2022ರ ಮಾರ್ಚ್ 23ರಂದು ಅವರಿಗೂ ಶಾಲೆ ತೆರೆಯುವುದೆಂದು ಪ್ರಕಟಣೆ ಹೊರಟು, ಸಮವಸ್ತ್ರ ತೊಟ್ಟು ಬಂದ ಹುಡುಗಿಯರನ್ನು ಅದೇ ದಿನ ಹಿಂದಕ್ಕೆ ಕಳುಹಿಸಲಾಯಿತು. 'ಸದ್ಯಕ್ಕೆ' ಎಂಬ ಮಾತು ಇಂದಿಗೂ ಮುಂದುವರಿದಿದೆ. ಅದೇ ವರ್ಷದ ಡಿಸೆಂಬರ್ 20ರಂದು ವಿಶ್ವವಿದ್ಯಾಲಯಗಳೂ ಮುಚ್ಚಿದವು; ಇದರಿಂದ 1 ಲಕ್ಷಕ್ಕೂ ಹೆಚ್ಚು ವಿದ್ಯಾರ್ಥಿನಿಯರು ಹೊರಗುಳಿದರು. 2024ರ ಆಗಸ್ಟ್‌ನಲ್ಲಿ ಯುನೆಸ್ಕೋ ತಿಳಿಸಿದಂತೆ ಪ್ರೌಢಶಿಕ್ಷಣದಿಂದ ವಂಚಿತರಾದ ಬಾಲಕಿಯರು ಕನಿಷ್ಠ 14 ಲಕ್ಷ.

ಓದಿನ ನಿಷೇಧವನ್ನು ಇತರ ನಿರ್ಬಂಧಗಳೊಂದಿಗೆ ಸೇರಿಸಿ ನೋಡಬೇಕು. ಸುಮಾರು 72 ಕಿಲೋಮೀಟರಿಗಿಂತ ದೂರದ ಪ್ರಯಾಣಕ್ಕೆ ಮಹಿಳೆಯ ಜೊತೆಗೆ ಹತ್ತಿರದ ಗಂಡಸು ಸಂಬಂಧಿ ಇರಬೇಕು. ಉದ್ಯಾನ, ವ್ಯಾಯಾಮಶಾಲೆ, ಸ್ನಾನಗೃಹಗಳಿಗೆ ಪ್ರವೇಶವಿಲ್ಲ. ಸ್ವಯಂಸೇವಾ ಸಂಸ್ಥೆಗಳಲ್ಲಿ ಉದ್ಯೋಗವಿಲ್ಲ. 2023ರ ಜುಲೈನಲ್ಲಿ ಸೌಂದರ್ಯ ಮಳಿಗೆಗಳನ್ನೂ ಮುಚ್ಚಿಸಲಾಯಿತು. 2024ರ ಆಗಸ್ಟ್‌ನ 35 ಕಲಮುಗಳ ನೀತಿ ಕಾಯಿದೆಯು ಮುಖವಷ್ಟೇ ಅಲ್ಲ, ಹೆಣ್ಣಿನ ಧ್ವನಿಯೂ ಮರೆಯಲ್ಲಿರಬೇಕೆಂದು ವಿಧಿಸಿತು. ಹಿಂದೆ ಮಹಿಳಾ ಸಚಿವಾಲಯವಿದ್ದ ಕಟ್ಟಡದಲ್ಲಿಯೇ ಈ ನೀತಿಯ ಇಲಾಖೆ ನೆಲೆಗೊಂಡಿದೆ.

ಪರಿಣಾಮಗಳು

ನಿಷೇಧದ ಅತಿ ಗಂಭೀರ ಪರಿಣಾಮ ಕಾಣುವುದು ವೈದ್ಯಕೀಯ ಕ್ಷೇತ್ರದಲ್ಲಿ. ಹೆಂಗಸರನ್ನು ಗಂಡಸು ವೈದ್ಯರು ನೋಡುವುದಕ್ಕೆ ಸಮಾಜದಲ್ಲಿ ಸಂಕೋಚವಿದೆ, ಹಲವೆಡೆ ಆಡಳಿತದ ಅಡ್ಡಿಯೂ ಇದೆ. ಆದ್ದರಿಂದ ಸ್ತ್ರೀಯರಿಗೆ ಸ್ತ್ರೀ ವೈದ್ಯೆಯೇ, ದಾದಿಯೇ, ಸೂಲಗಿತ್ತಿಯೇ ಬೇಕು. 2022ರಲ್ಲಿ ವೈದ್ಯಕೀಯ ಕಾಲೇಜುಗಳ ದಾರಿ ಮುಚ್ಚಿತು. ಉಳಿದಿದ್ದ ಶುಶ್ರೂಷೆ ಹಾಗೂ ಸೂಲಗಿತ್ತಿ ತರಬೇತಿಯ ಸಂಸ್ಥೆಗಳೂ 2024ರ ಡಿಸೆಂಬರ್‌ನಲ್ಲಿ ಹುಡುಗಿಯರಿಗೆ ಮುಚ್ಚಿದವು. ಗಂಡಸು ಚಿಕಿತ್ಸೆ ನೀಡಬಾರದು, ಹೆಂಗಸು ಕಲಿಯಬಾರದು ಎಂದಾಗ ಹೆರಿಗೆ ಮಾಡಿಸಲು ಬರುವವರಾರು ಎಂಬ ಪ್ರಶ್ನೆಗೆ ಆಡಳಿತದ ಬಳಿ ಉತ್ತರವಿಲ್ಲ. ವಿಶ್ವಸಂಸ್ಥೆಯ ಸಂಸ್ಥೆಗಳ ಅಂದಾಜಿನಂತೆ 2020ರಲ್ಲಿಯೇ ಇಲ್ಲಿ 1 ಲಕ್ಷ ಜೀವಂತ ಜನನಗಳಿಗೆ ಸುಮಾರು 620 ತಾಯಂದಿರು ಸಾಯುತ್ತಿದ್ದರು. ಈಗ ಕೆಲಸದಲ್ಲಿರುವ ಸೂಲಗಿತ್ತಿಯರು ನಿವೃತ್ತರಾದಾಗ ಅವರ ಸ್ಥಾನಕ್ಕೆ ಯಾರೂ ಸಿದ್ಧರಾಗಿರುವುದಿಲ್ಲ.

ಶಾಲೆಯಲ್ಲಿಯೂ ಇದೇ ಸ್ಥಿತಿ. ಬಾಲಿಕಾ ಪ್ರಾಥಮಿಕ ಶಾಲೆಗೆ ಶಿಕ್ಷಕಿಯರೇ ಬೇಕು, ಆದರೆ ಆರನೆಯ ತರಗತಿ ದಾಟದವರು ಶಿಕ್ಷಕಿಯಾಗಲಾರರು. ನಷ್ಟ ಬಾಲಕರಿಗೂ ಆಗಿದೆ: ಶಿಕ್ಷಕಿಯರು ಹುಡುಗರಿಗೆ ಪಾಠ ಹೇಳಬಾರದೆಂಬ ಆಜ್ಞೆಯಿಂದ ಅನುಭವಿ ಶಿಕ್ಷಕರ ಕೊರತೆ ಉಂಟಾಯಿತು. ಪ್ರಾಥಮಿಕ ಶಾಲೆಯ ಒಟ್ಟು ಮಕ್ಕಳು 2019ರಲ್ಲಿ 68 ಲಕ್ಷವಿದ್ದವರು 2022ರಲ್ಲಿ 57 ಲಕ್ಷಕ್ಕೆ ಇಳಿದರು.

ಹುಡುಗಿಯರು ತಮ್ಮದೇ ದಾರಿಗಳನ್ನು ಹುಡುಕಿಕೊಂಡಿದ್ದಾರೆ. ಶಾಲೆ ಬಿಡಬಾರದೆಂದು ಆರನೆಯ ತರಗತಿಯಲ್ಲೇ ಮತ್ತೊಮ್ಮೆ ಕುಳಿತವರುಂಟು. ಅನೇಕರು ಧಾರ್ಮಿಕ ಮದರಸಗಳಿಗೆ ಸೇರುತ್ತಿದ್ದಾರೆ. ಹಮೀದಾ ಅಮಾನ್ 2021ರಲ್ಲಿ ಸ್ಥಾಪಿಸಿದ 'ರೇಡಿಯೋ ಬೇಗಂ' ಪಾಠಗಳನ್ನು ಪ್ರಸಾರ ಮಾಡುತ್ತದೆ; 2025ರ ಫೆಬ್ರುವರಿಯಲ್ಲಿ ಅಧಿಕಾರಿಗಳು ಅದರ ಮೇಲೆ ದಾಳಿ ನಡೆಸಿ ಪ್ರಸಾರ ನಿಲ್ಲಿಸಿ, ಬಳಿಕ ಪುನಃ ಅನುಮತಿ ನೀಡಿದರು.

ಧಾರ್ಮಿಕ ಮತ್ತು ಅಂತರರಾಷ್ಟ್ರೀಯ ಪ್ರತಿಕ್ರಿಯೆ

ಈ ನಿಷೇಧವನ್ನು ಇಸ್ಲಾಮಿನ ಆದೇಶವೆಂದು ತಿಳಿಯುವವರಿದ್ದಾರೆ. ಆದರೆ ಕೈರೋದ ಅಲ್-ಅಜ್ಹರ್‌ನ ಪ್ರಧಾನ ಇಮಾಮ್ ಅಹ್ಮದ್ ಅಲ್-ತಯ್ಯಿಬ್ 2022ರ ಡಿಸೆಂಬರ್‌ನಲ್ಲಿ ಇದು ಷರಿಯತ್ತಿಗೆ ವಿರುದ್ಧವೆಂದು ಸ್ಪಷ್ಟಪಡಿಸಿದರು. ಬೇರಾವ ಮುಸ್ಲಿಂ ದೇಶದಲ್ಲಿಯೂ ಇಂಥ ನಿಷೇಧವಿಲ್ಲ. ತಾಲಿಬಾನ್ ಒಳಗೇ ಭಿನ್ನಾಭಿಪ್ರಾಯವಿದೆ: ವಿದೇಶಾಂಗ ಉಪಸಚಿವ ಶೇರ್ ಮೊಹಮ್ಮದ್ ಅಬ್ಬಾಸ್ ಸ್ತಾನಿಕ್ಜಾಯ್ 2025ರ ಜನವರಿಯಲ್ಲಿ ನಿಷೇಧಕ್ಕೆ ಸಮರ್ಥನೆಯೇ ಇಲ್ಲವೆಂದು ಬಹಿರಂಗವಾಗಿ ಹೇಳಿ, ಅನಂತರ ದೇಶ ತೊರೆದರು. ಅಂತಿಮ ನಿರ್ಧಾರವಿರುವುದು ಕಂದಹಾರದಲ್ಲಿರುವ ಪರಮೋಚ್ಚ ನಾಯಕ ಹೈಬತುಲ್ಲಾ ಅಖುಂದ್‌ಜಾದಾ ಕೈಯಲ್ಲಿ.

ಹೇಗ್‌ನಲ್ಲಿರುವ ಅಂತರರಾಷ್ಟ್ರೀಯ ಅಪರಾಧ ನ್ಯಾಯಾಲಯವು 2025ರ ಜುಲೈ 8ರಂದು ಅಖುಂದ್‌ಜಾದಾ ಹಾಗೂ ಮುಖ್ಯ ನ್ಯಾಯಾಧೀಶ ಅಬ್ದುಲ್ ಹಕೀಂ ಹಕ್ಕಾನಿ ವಿರುದ್ಧ ಲಿಂಗಾಧಾರಿತ ಕಿರುಕುಳದ ಆರೋಪದ ಮೇಲೆ ಬಂಧನದ ವಾರಂಟು ಹೊರಡಿಸಿತು. ಅದಕ್ಕೆ ಕೆಲವೇ ದಿನ ಮುಂಚೆ ರಷ್ಯಾ ತಾಲಿಬಾನ್ ಸರ್ಕಾರಕ್ಕೆ ಮಾನ್ಯತೆ ನೀಡಿತ್ತು. ಅಕ್ಟೋಬರ್‌ನಲ್ಲಿ ದೆಹಲಿಗೆ ಬಂದ ತಾಲಿಬಾನ್ ವಿದೇಶಾಂಗ ಸಚಿವರ ಮೊದಲ ಪತ್ರಿಕಾಗೋಷ್ಠಿಯಲ್ಲಿ ಪತ್ರಕರ್ತೆಯರು ಇರಲಿಲ್ಲ. ಟೀಕೆಗಳು ಬಂದ ಮೇಲೆ ಎರಡು ದಿನಗಳ ನಂತರ ನಡೆದ ಗೋಷ್ಠಿಯಲ್ಲಿ ಅವರು ಮುಂದಿನ ಸಾಲಿನಲ್ಲಿ ಕುಳಿತು ಹೆಣ್ಣುಮಕ್ಕಳ ಶಾಲೆಗಳ ಕುರಿತು ಪ್ರಶ್ನಿಸಿದರು.